ಟ್ರಿಕ್ ಹೇಳಿಕೊಟ್ಟೆ, ಮಗ 6 × 7 = 37 ಅಂತ ಬರೆದ: ಸಮ ಸಂಖ್ಯೆಗಳ ಮಗ್ಗಿ ಕಲಿಸುವುದು ಹೇಗೆ?

ಪ್ರಶ್ನೆ: ನನ್ನ ಮಗ ಮೂರನೇ ಕ್ಲಾಸು. 2ರ ಮಗ್ಗಿ, 5ರ ಮಗ್ಗಿ ಸಲೀಸಾಗಿ ಹೇಳುತ್ತಾನೆ. 4ರದ್ದು ಹೇಗೋ ದಾಟುತ್ತಾನೆ. 6 ಮತ್ತು 8 ಬಂದರೆ ನಿಂತುಬಿಡುತ್ತಾನೆ. ಟೀಚರ್ "ಸಮ ಸಂಖ್ಯೆಗಳ ಮಗ್ಗಿಯಲ್ಲಿ ಪ್ಯಾಟರ್ನ್ ಇದೆ, ಮನೆಯಲ್ಲಿ ತೋರಿಸಿ" ಅಂದರು. ಮೊಬೈಲ್‌ನಲ್ಲಿ ಒಂದು ವಿಡಿಯೋ ನೋಡಿ ಟ್ರಿಕ್ ಹೇಳಿಕೊಟ್ಟೆ: 6ನ್ನು ಯಾವ ಸಂಖ್ಯೆಯಿಂದ ಗುಣಿಸುತ್ತೀಯೋ ಅದರ ಅರ್ಧ ಮೊದಲು ಬರಿ, ಪಕ್ಕದಲ್ಲಿ ಅದೇ ಸಂಖ್ಯೆ ಬರಿ. 6 × 4 = 24, 6 × 8 = 48. ಅವನಿಗೆ ಖುಷಿಯೋ ಖುಷಿ. ಮಾರನೇ ದಿನ ಟೆಸ್ಟ್‌ನಲ್ಲಿ 6 × 7 = 37 ಅಂತ ಬರೆದು ಬಂದ. ಕೇಳಿದರೆ "7ರ ಅರ್ಧ 3, ಪಕ್ಕದಲ್ಲಿ 7" ಅಂತಾನೆ. ಸಮಕ್ಕೆ ಬೆಸ ಗುಣಿಸಿದರೆ ಬೆಸವೇ ಬರುತ್ತೆ ಅಂತ ಬೇರೆ ವಾದ ಮಾಡ್ತಾನೆ. ನಮ್ಮ ಮಾವನವರು "ಪ್ಯಾಟರ್ನೂ ಬೇಡ ಗೀಟರ್ನೂ ಬೇಡ, ದಿನಾ ಸಂಜೆ ಮಗ್ಗಿ ಹೇಳಿಸು, ತಾನೇ ಬರುತ್ತೆ" ಅಂತಾರೆ. ಈ ವಯಸ್ಸಿಗೆ ಪ್ಯಾಟರ್ನ್ ಕಲಿಸೋದೇ ತಪ್ಪಾ? (ಒಬ್ಬ ತಾಯಿ, ದಾವಣಗೆರೆ)

ಉತ್ತರ: ತಪ್ಪಲ್ಲ. ಮೊದಲು ಆ 37ರ ಬಗ್ಗೆ ಮಾತಾಡೋಣ, ಯಾಕೆಂದರೆ ನಿಮ್ಮ ಪ್ರಶ್ನೆಯ ಅರ್ಧ ಉತ್ತರ ಅದರಲ್ಲೇ ಇದೆ.

ನಿಮ್ಮ ಮಗ ಅಡ್ಡಾದಿಡ್ಡಿ ಊಹೆ ಮಾಡಿಲ್ಲ. ನೀವು ಹೇಳಿದ ನಿಯಮವನ್ನು ಚಾಚೂ ತಪ್ಪದೆ ಪಾಲಿಸಿದ್ದಾನೆ. 7ರ ಅರ್ಧ ಮೂರೂವರೆ, ಆದರೆ ಹತ್ತರ ಸ್ಥಾನದಲ್ಲಿ ಅರ್ಧ ಬರೆಯೋಕೆ ಜಾಗ ಇಲ್ಲ, ಹಾಗಾಗಿ 3 ಬರೆದ. ಈ ಟ್ರಿಕ್ ಸಮ ಸಂಖ್ಯೆಗೆ ಮಾತ್ರ ಅನ್ನುವುದನ್ನು ಅವನಿಗೆ ಯಾರೂ ಹೇಳಿಲ್ಲ. ಯಾಕೆ ಸಮಕ್ಕೆ ಮಾತ್ರ ಅನ್ನುವುದನ್ನಂತೂ ಆ ವಿಡಿಯೋ ಕೂಡ ಹೇಳಿರುವುದು ಅನುಮಾನ. ಇಂಥ ತಪ್ಪು ಮಾಡುವ ಮಕ್ಕಳನ್ನು ನಾನು ತರಗತಿಗಳಲ್ಲಿ ತುಂಬಾ ನೋಡಿದ್ದೇನೆ, ಅವರಲ್ಲಿ ಹೆಚ್ಚಿನವರು ಚೆನ್ನಾಗಿ ಗಮನ ಕೊಟ್ಟು ಕೇಳುವ ಮಕ್ಕಳೇ. ಬೈಯಬೇಡಿ.

ಈಗ ಅವನ ಎರಡನೇ ವಾದ ನೋಡಿ. 6ರ ಮಗ್ಗಿಯಲ್ಲಿ ಬೆಸ ಸಂಖ್ಯೆ ಬರುವುದೇ ಇಲ್ಲ ಅಂತ ಅವನಿಗೆ ಖಚಿತವಾಗಿ ಗೊತ್ತಿದ್ದಿದ್ದರೆ, 37 ಬರೆದ ಕೂಡಲೇ ಅವನಿಗೇ ಅನುಮಾನ ಬರಬೇಕಿತ್ತು. ಅಂದರೆ ಇಲ್ಲಿರುವುದು ಎರಡು ತೊಂದರೆಯಲ್ಲ, ಒಂದೇ. ಸಮ ಸಂಖ್ಯೆ ಅಂದರೆ ಒಳಗೆ ಏನಿದೆ ಅನ್ನುವುದು ಇನ್ನೂ ಅವನ ಕೈಗೆ ಸಿಕ್ಕಿಲ್ಲ. "ಕೊನೆಯಲ್ಲಿ 0, 2, 4, 6, 8 ಬಂದರೆ ಸಮ" ಅಂತ ಕಲಿತಿರುತ್ತಾನೆ. ಅದು ಗುರುತು ಹಿಡಿಯೋಕೆ ಸಾಕು, ಗುಣಾಕಾರ ಅರ್ಥ ಮಾಡಿಕೊಳ್ಳೋಕೆ ಸಾಲದು.

ಸಮ ಅಂದರೆ ಎಲ್ಲವೂ ಜೋಡಿಯಾಗುತ್ತದೆ, ಒಂಟಿ ಉಳಿಯುವುದಿಲ್ಲ. ಅಷ್ಟೇ. ಇದನ್ನು ಹೇಳಿದರೆ ಪ್ರಯೋಜನವಿಲ್ಲ, ಬೀಜ ಇಟ್ಟು ತೋರಿಸಬೇಕು. ಒಂದು ಬಟ್ಟಲು ಹುಣಸೆ ಬೀಜ ತೆಗೆದುಕೊಳ್ಳಿ. ನಮ್ಮ ಕಡೆ ಮಕ್ಕಳು ಬೀಜವನ್ನು ಮುಷ್ಟಿಯಲ್ಲಿ ಹಿಡಿದು "ಸರಿಯೋ ಬೆಸವೋ" ಅಂತ ಕೇಳುವ ಆಟ ಆಡುತ್ತಿದ್ದರಲ್ಲ, ಅದರಿಂದಲೇ ಶುರು ಮಾಡಿ. ಮುಷ್ಟಿ ಬಿಚ್ಚಿದ ಮೇಲೆ ಎಣಿಸಬಾರದು, ಎರಡೆರಡಾಗಿ ಸರಿಸಬೇಕು. ಕೊನೆಗೆ ಒಂದು ಒಂಟಿ ಉಳಿದರೆ ಬೆಸ. ಖಾಲಿ ಮುಷ್ಟಿಯನ್ನೂ ಒಮ್ಮೆ ತೋರಿಸಿ. ಒಂಟಿ ಇಲ್ಲ, ಹಾಗಾಗಿ ಸೊನ್ನೆಯೂ ಸಮ. ಸೊನ್ನೆ ಸಮವೂ ಅಲ್ಲ ಬೆಸವೂ ಅಲ್ಲ ಅಂತ ಎಷ್ಟೋ ದೊಡ್ಡವರೂ ನಂಬಿರುತ್ತಾರೆ, ಅದು ಸರಿಯಲ್ಲ.

ಆಮೇಲೆ 6 × 7. ಒಂದು ಸಾಲಿಗೆ ಆರು ಬೀಜದಂತೆ ಏಳು ಸಾಲು ಇಡಿಸಿ. ಒಂದೊಂದು ಸಾಲಿನಲ್ಲೂ ಮೂರು ಜೋಡಿ. ಯಾವ ಸಾಲಿನಲ್ಲಾದರೂ ಒಂಟಿ ಬೀಜ ಇದೆಯಾ ಅಂತ ಕೇಳಿ. ಇಲ್ಲ. ಇನ್ನೊಂದು ಸಾಲು ಇಟ್ಟರೆ ಬರುತ್ತದಾ? ಇಲ್ಲ. ನೂರು ಸಾಲು ಇಟ್ಟರೆ? ಇಲ್ಲಿ ಮಕ್ಕಳು ಸ್ವಲ್ಪ ಹೊತ್ತು ಸುಮ್ಮನಾಗುತ್ತಾರೆ, ಆಮೇಲೆ "ಬರೋದೇ ಇಲ್ಲ" ಅಂತಾರೆ. ಆ ಮಾತು ಅವನ ಬಾಯಿಂದಲೇ ಬರಲಿ, ನೀವು ಮೊದಲೇ ಹೇಳಿಬಿಡಬೇಡಿ.

ಈಗ 3ರ ಸಾಲು ಇಡಿಸಿ. ಪ್ರತಿ ಸಾಲಿನಲ್ಲೂ ಒಂದು ಜೋಡಿ, ಒಂದು ಒಂಟಿ. ನಾಲ್ಕು ಸಾಲು ಇಟ್ಟರೆ ನಾಲ್ಕು ಒಂಟಿ. ಆ ಒಂಟಿಗಳೇ ಒಂದಕ್ಕೊಂದು ಜೋಡಿಯಾಗುತ್ತವೆ, 12 ಸಮ. ಐದು ಸಾಲು ಇಟ್ಟರೆ ಐದು ಒಂಟಿ. ನಾಲ್ಕು ಜೋಡಿಯಾಗುತ್ತವೆ, ಒಂದು ಉಳಿಯುತ್ತದೆ, 15 ಬೆಸ. ಅಂದರೆ ಗುಣಾಕಾರದಲ್ಲಿ ಉತ್ತರ ಬೆಸ ಆಗಬೇಕಾದರೆ ಎರಡೂ ಬೆಸವೇ ಆಗಿರಬೇಕು. ಎರಡರಲ್ಲಿ ಒಂದು ಸಮ ಇದ್ದರೂ ಸಾಕು, ಉತ್ತರ ಸಮ.

ಮಗ ವಾದ ಮಾಡುವುದು ಎಲ್ಲಿಂದ ಬಂತು ಗೊತ್ತಾ? ಕೂಡುವ ಲೆಕ್ಕದಿಂದ. 6 + 7 = 13, ಬೆಸ. ಸಮಕ್ಕೆ ಬೆಸ ಕೂಡಿದರೆ ಬೆಸ ಅನ್ನುವುದು ನಿಜವೇ. ಶಾಲೆಯಲ್ಲಿ ಅದನ್ನು ಮೊದಲು ಕಲಿತಿರುತ್ತಾನೆ, ಅದನ್ನೇ ಇಲ್ಲಿಗೂ ತಂದಿದ್ದಾನೆ. ಹಾಗಾಗಿ ಒಂದೇ ಸಂಜೆ, ಅದೇ ಬೀಜಗಳಲ್ಲಿ ಎರಡನ್ನೂ ಮಾಡಿಸಿ: ಆರು ಬೀಜದ ಪಕ್ಕ ಏಳು ಬೀಜ ಇಟ್ಟರೆ ಒಂದು ಒಂಟಿ ಉಳಿಯುತ್ತದೆ, ಆರಾರು ಬೀಜದ ಏಳು ಸಾಲು ಇಟ್ಟರೆ ಏನೂ ಉಳಿಯುವುದಿಲ್ಲ. ಬೇರೆ ಬೇರೆ ದಿನ ಮಾಡಿಸಿದರೆ ಮತ್ತೆ ಕಲಸಿಕೊಳ್ಳುತ್ತದೆ, ಇದು ನನ್ನ ಅನುಭವ.

ಇದು ಹೊಸ ಪದ್ಧತಿಯೇನಲ್ಲ. 1995ರಲ್ಲಿ ಹೆಗ್ಗಡದೇವನಕೋಟೆ ತಾಲ್ಲೂಕಿನಲ್ಲಿ ಶುರುವಾಗಿ ಆಮೇಲೆ ರಾಜ್ಯದ ಸರ್ಕಾರಿ ಶಾಲೆಗಳಿಗೆಲ್ಲ ಬಂದ ನಲಿಕಲಿಯಲ್ಲಿ ಚಿಕ್ಕ ತರಗತಿಯ ಮಕ್ಕಳು ಬೀಜ, ಕಡ್ಡಿ, ಕಾರ್ಡು ಹಿಡಿದೇ ಲೆಕ್ಕ ಕಲಿಯುತ್ತಾರೆ. ಮನೆಯಲ್ಲಿ ನಾವು ನೇರವಾಗಿ ಪುಸ್ತಕಕ್ಕೆ ಹೋಗಿಬಿಡುತ್ತೇವೆ, ಅಲ್ಲಿ ಎಡವುತ್ತೇವೆ.

ಈಗ ನಿಮ್ಮ ಟ್ರಿಕ್‌ಗೆ ಬರೋಣ. ಅದು ಸುಳ್ಳಲ್ಲ, ಅರ್ಧ ಹೇಳಿ ನಿಲ್ಲಿಸಿದ ನಿಜ. 6 ಅಂದರೆ 5 ಮತ್ತು 1. ಹಾಗಾಗಿ 6 × 8 ಅಂದರೆ ಎಂಟು ಐದುಗಳು, ಮೇಲೆ ಎಂಟು ಒಂದುಗಳು. ಇದನ್ನು ನಾಣ್ಯದಲ್ಲಿ ತೋರಿಸಿ. ಎಂಟು ಐದು ರೂಪಾಯಿ ನಾಣ್ಯ ಇಡಿ, ಎರಡೆರಡು ಸೇರಿಸಿದರೆ ನಾಲ್ಕು ಹತ್ತುಗಳಾದವು, 40. ಪಕ್ಕದಲ್ಲಿ ಎಂಟು ಒಂದು ರೂಪಾಯಿ. 48. ಟ್ರಿಕ್‌ನಲ್ಲಿ "ಅರ್ಧ ಮೊದಲು ಬರಿ" ಅಂದಿದ್ದು ಈ ನಾಲ್ಕು ಹತ್ತುಗಳನ್ನೇ.

7ಕ್ಕೆ ಅದನ್ನೇ ಮಾಡಿ. ಏಳು ಐದು ರೂಪಾಯಿ ನಾಣ್ಯ. ಮೂರು ಹತ್ತುಗಳಾಗುತ್ತವೆ, ಒಂದು ಐದು ರೂಪಾಯಿ ಒಂಟಿಯಾಗಿ ಉಳಿಯುತ್ತದೆ. ನಿಮ್ಮ ಮಗ 37 ಬರೆದಾಗ ಬಿಟ್ಟಿದ್ದು ಆ ಒಂದು ನಾಣ್ಯವನ್ನು. 37ಕ್ಕೆ 5 ಸೇರಿಸಿ, 42 ಆಯ್ತು! ಉಳಿದ ಬೆಸ ಸಂಖ್ಯೆಗಳಿಗೂ ಹೀಗೇ. ಟ್ರಿಕ್ ಹಾಕಿದರೆ 6 × 3ಕ್ಕೆ 13 ಬರುತ್ತದೆ, ನಿಜವಾದ ಉತ್ತರ 18. 6 × 9ಕ್ಕೆ 49 ಬರುತ್ತದೆ, ನಿಜವಾದ ಉತ್ತರ 54. ಪ್ರತಿ ಸಲವೂ ಸರಿಯಾಗಿ 5 ಕಮ್ಮಿ. ಇದನ್ನು ಅವನೇ ಕಂಡುಹಿಡಿಯುವಂತೆ ಮಾಡಿ. "ನಿನ್ನ ಉತ್ತರಕ್ಕೂ ಸರಿ ಉತ್ತರಕ್ಕೂ ಎಷ್ಟು ವ್ಯತ್ಯಾಸ?" ಅಂತ ಮೂರ್ನಾಲ್ಕು ಲೆಕ್ಕದಲ್ಲಿ ಕೇಳಿದರೆ ಸಾಕು. ತನ್ನ ತಪ್ಪಿನಲ್ಲೇ ಒಂದು ಪ್ಯಾಟರ್ನ್ ಇತ್ತು ಅಂತ ಗೊತ್ತಾದಾಗ ಮಕ್ಕಳ ಮುಖ ಅರಳುತ್ತದೆ, ಅದಕ್ಕಿಂತ ಒಳ್ಳೆಯ ಪಾಠ ನಾವು ಬೇರೆ ಕೊಡೋಕಾಗಲ್ಲ.

ಟೀಚರ್ ಹೇಳಿದ ಪ್ಯಾಟರ್ನ್ ಬಹುಶಃ ಇದು. ಚೌಕಳಿ ಗೆರೆಯ ಲೆಕ್ಕದ ನೋಟ್‌ಬುಕ್‌ನಲ್ಲಿ 2, 4, 6, 8ರ ಮಗ್ಗಿಗಳನ್ನು ಪಕ್ಕ ಪಕ್ಕ ಬರೆಸಿ, ಬಿಡಿ ಸ್ಥಾನದ ಅಂಕಿಗೆ ಮಾತ್ರ ಬಣ್ಣ ಹಾಕಿಸಿ. 2ರಲ್ಲಿ 2, 4, 6, 8, 0 ಬಂದು ಮತ್ತೆ ಅದೇ ಶುರುವಾಗುತ್ತದೆ. 8ರಲ್ಲಿ 8, 6, 4, 2, 0. ಅದೇ ಅಂಕಿಗಳು, ಇಳಿಯುವ ದಿಕ್ಕಿನಲ್ಲಿ. 4ರಲ್ಲಿ 4, 8, 2, 6, 0. 6ರಲ್ಲಿ 6, 2, 8, 4, 0. ಇವೆರಡನ್ನೂ ನೋಡಿ, ಕೊನೆಯ ಸೊನ್ನೆ ಬಿಟ್ಟರೆ ಒಂದನ್ನು ತಿರುಗಿಸಿ ಓದಿದರೆ ಇನ್ನೊಂದು.

ಕಿವಿಗೂ ಇದು ಸಿಗುತ್ತದೆ. ಕನ್ನಡದಲ್ಲಿ ಬಿಡಿ ಅಂಕಿಯನ್ನು ಕೊನೆಯಲ್ಲಿ ಹೇಳುತ್ತೇವೆ, ಹಾಗಾಗಿ ಆರು, ಹನ್ನೆರಡು, ಹದಿನೆಂಟು, ಇಪ್ಪತ್ನಾಲ್ಕು, ಮೂವತ್ತು ಅಂತ ಜೋರಾಗಿ ಹೇಳಿದರೆ ಆರು, ಎರಡು, ಎಂಟು, ನಾಲ್ಕು ಕೇಳುತ್ತಲೇ ಹೋಗುತ್ತದೆ.

ಐದಾದ ಮೇಲೆ ಯಾಕೆ ಮತ್ತೆ ಅದೇ ಬರುತ್ತದೆ ಅಂತ ಅವನು ಕೇಳಬಹುದು, ಕೇಳಲಿ. ಸಮ ಸಂಖ್ಯೆಯನ್ನು ಐದು ಸಲ ಕೂಡಿದರೆ ಪೂರ್ತಿ ಹತ್ತುಗಳೇ ಆಗುತ್ತವೆ: 10, 20, 30, 40. ಬಿಡಿ ಸ್ಥಾನ ಖಾಲಿಯಾಯಿತು, ಹಾಗಾಗಿ ಮೊದಲಿನಿಂದ ಶುರು. 6 ಯಾಕೆ 4ರ ಉಲ್ಟಾ? 6 ಕೂಡುವುದು ಅಂದರೆ 10 ಕೂಡಿ 4 ಕಳೆದಂತೆ. ಹತ್ತು ಹೋಗಿ ಹತ್ತರ ಮನೆ ಸೇರಿತು, ಬಿಡಿ ಸ್ಥಾನದಲ್ಲಿ ಕಾಣುವುದು 4 ಕಳೆದದ್ದು ಮಾತ್ರ. 8 ಮತ್ತು 2ರ ನಡುವೆಯೂ ಇದೇ ಸಂಬಂಧ.

ಇದಕ್ಕೆ ಒಂದು ಚಿತ್ರ ಇದೆ, ಮಕ್ಕಳಿಗೆ ತುಂಬಾ ಇಷ್ಟವಾಗುವಂಥದ್ದು. ಒಂದು ವೃತ್ತ ಬರೆದು ಅದರ ಸುತ್ತಲೂ ಸಮ ಅಂತರದಲ್ಲಿ ಹತ್ತು ಚುಕ್ಕಿ ಇಡಿ, ಅವುಗಳಿಗೆ ಸಾಲಾಗಿ 0ಯಿಂದ 9ರವರೆಗೆ ಬರೆಯಿರಿ. 0ಯಿಂದ ಶುರು ಮಾಡಿ 2ರ ಮಗ್ಗಿಯ ಬಿಡಿ ಅಂಕಿಗಳನ್ನು ಗೆರೆಯಿಂದ ಸೇರಿಸಿದರೆ ಐದು ಮೂಲೆಯ ಆಕಾರ ಬರುತ್ತದೆ. 8ರ ಮಗ್ಗಿಗೂ ಅದೇ ಆಕಾರ, ಆದರೆ ಪೆನ್ಸಿಲ್ ಹಿಂದು ಮುಂದಾಗಿ ಸುತ್ತುತ್ತದೆ. 4ಕ್ಕೆ ಐದು ತುದಿಯ ನಕ್ಷತ್ರ. 6ಕ್ಕೂ ಅದೇ ನಕ್ಷತ್ರ, ಮತ್ತೆ ಉಲ್ಟಾ ದಿಕ್ಕು. ಸಮ ಸಂಖ್ಯೆಯ ಯಾವ ಮಗ್ಗಿಯೂ 1, 3, 5, 7, 9ರ ಚುಕ್ಕಿಯನ್ನು ಮುಟ್ಟುವುದೇ ಇಲ್ಲ, ಇದನ್ನು ಅವನಿಗೆ ನೀವು ತೋರಿಸುವುದು ಬೇಡ, ಅವನೇ ನೋಡುತ್ತಾನೆ. ಹೋಲಿಸೋಕೆ 3ರ ಮಗ್ಗಿಯನ್ನೂ ಒಮ್ಮೆ ಹಾಕಿಸಿ, ಅದು ಹತ್ತೂ ಚುಕ್ಕಿ ಮುಟ್ಟಿಯೇ 0ಗೆ ವಾಪಸ್ ಬರುತ್ತದೆ.

ಆದರೆ ಇಲ್ಲೊಂದು ಅಪಾಯ ಇದೆ, ಇದನ್ನು ಸ್ವಲ್ಪ ಬಿಡಿಸಿ ಹೇಳಬೇಕು. 8ರ ಮಗ್ಗಿ ಬರೆಯಲು ಮಕ್ಕಳು ಒಂದು ಸುಲಭ ದಾರಿ ಹಿಡಿಯುತ್ತಾರೆ. ಬಿಡಿ ಸ್ಥಾನದಲ್ಲಿ ಮೇಲಿಂದ ಕೆಳಗೆ 8, 6, 4, 2, 0, ಮತ್ತೆ 8, 6, 4, 2, 0 ತುಂಬುತ್ತಾರೆ. ಹತ್ತರ ಸ್ಥಾನದಲ್ಲಿ 0, 1, 2, 3, 4, 5 ಅಂತ ಇಳಿಸುತ್ತಾ ಹೋಗುತ್ತಾರೆ. 8, 16, 24, 32, 40ರವರೆಗೆ ಎಲ್ಲ ಸರಿ. ಆಮೇಲೆ 58, 66, 74, 82, 90! ಐದು ಉತ್ತರ ತಪ್ಪು, ನೋಡೋಕೆ ಮಾತ್ರ ತುಂಬಾ ಚಂದದ ಮಗ್ಗಿ. ನಿಜವಾದದ್ದು 48, 56, 64, 72, 80. ಹತ್ತರ ಸ್ಥಾನದಲ್ಲಿ 4 ಎರಡು ಸಲ ಬರಬೇಕು, ಯಾಕೆಂದರೆ 40ಕ್ಕೆ 8 ಸೇರಿಸಿದರೆ ಹೊಸ ಹತ್ತು ತುಂಬುವುದಿಲ್ಲ. ಕಂಬದ ಥರ ಅಂಕಿ ತುಂಬುವ ಮಗು ಲೆಕ್ಕ ಮಾಡುತ್ತಿಲ್ಲ, ಅಂಕಿ ಜೋಡಿಸುತ್ತಿದೆ ಅಷ್ಟೆ. ನಿಮ್ಮ ಮಗ ಮಗ್ಗಿ ಬರೆಯುವಾಗ ಪಕ್ಕದಲ್ಲಿ ಕೂತು ನೋಡಿ. ಒಂದೊಂದು ಸಾಲು ಅಡ್ಡಕ್ಕೆ ಬರೆಯುತ್ತಿದ್ದಾನಾ, ಅಥವಾ ಮೇಲಿಂದ ಕೆಳಗೆ ಒಂದೇ ಅಂಕಿಯನ್ನು ಇಳಿಸುತ್ತಿದ್ದಾನಾ? ಎರಡನೆಯದಾದರೆ ತಕ್ಷಣ ನಿಲ್ಲಿಸಿ. ಪ್ಯಾಟರ್ನ್ ಬಳಸಬೇಕಾದ್ದು ಬರೆದ ಮೇಲೆ, ಸರಿ ಇದೆಯಾ ಅಂತ ನೋಡೋಕೆ.

ಹಾಗಾದರೆ 6 ಮತ್ತು 8ನ್ನು ಕಟ್ಟುವುದು ಹೇಗೆ? ನಾನು ಶಿಕ್ಷಕರಿಗೆ ಹೇಳುವುದು ದುಪ್ಪಟ್ಟಿನ ದಾರಿ. 2ರ ಮಗ್ಗಿಯ ದುಪ್ಪಟ್ಟು 4ರ ಮಗ್ಗಿ, 4ರ ದುಪ್ಪಟ್ಟು 8. 8 × 7 ಬೇಕಾ? ಏಳರ ದುಪ್ಪಟ್ಟು 14, ಅದರ ದುಪ್ಪಟ್ಟು 28, ಅದರ ದುಪ್ಪಟ್ಟು 56. ಮೂರು ಹೆಜ್ಜೆ. 6ಕ್ಕೆ 3ರ ಮಗ್ಗಿಯ ದುಪ್ಪಟ್ಟು: 3 × 7 = 21, ಹಾಗಾಗಿ 42. 3ರ ಮಗ್ಗಿ ಗಟ್ಟಿ ಇಲ್ಲದಿದ್ದರೆ ನಾಣ್ಯದ ದಾರಿ ಹಿಡಿಯಿರಿ, ಅವನಿಗೆ 5ರ ಮಗ್ಗಿ ಬರುತ್ತದಲ್ಲ, 35 ಮತ್ತು 7. ಅವನು ಯಾವುದನ್ನು ಇಷ್ಟಪಡುತ್ತಾನೋ ಅದು, ಎರಡನ್ನೂ ಒಟ್ಟಿಗೆ ತಲೆಗೆ ತುಂಬಬೇಡಿ.

ಇದರಲ್ಲಿ ಎಡವುವ ಜಾಗ ಒಂದೇ, 28ರಂಥ ಸಂಖ್ಯೆಯ ದುಪ್ಪಟ್ಟು. 20ರದ್ದು 40, 8ರದ್ದು 16, ಒಟ್ಟು 56. ಇಷ್ಟನ್ನು ಬಾಯಲ್ಲೇ ಮಾಡೋಕೆ ಬರದಿದ್ದರೆ 8ರ ಮಗ್ಗಿಗೆ ಹೋಗುವ ಮೊದಲು ಸ್ವಲ್ಪ ದಿನ ದುಪ್ಪಟ್ಟನ್ನೇ ಆಡಿಸಿ. ನೀವು 13 ಅನ್ನಿ, ಅವನು 26 ಅನ್ನಲಿ. ತಿಂಡಿ ತಿನ್ನುವಾಗ, ಬಸ್ಸಿಗೆ ಕಾಯುವಾಗ ಆಡಿದರೂ ನಡೆಯುತ್ತದೆ. 8 ಅಂದರೆ 10ರಲ್ಲಿ 2 ಕಮ್ಮಿ, ಹಾಗಾಗಿ 8 × 7 ಅಂದರೆ 70ರಲ್ಲಿ 14 ಕಳೆ ಅನ್ನುವ ದಾರಿಯನ್ನೂ ಕೆಲವರು ಕಲಿಸುತ್ತಾರೆ. ಅದು ಸರಿಯಾದದ್ದೇ, ಆದರೆ ಮೂರನೇ ಕ್ಲಾಸಿನಲ್ಲಿ 70 − 14ನ್ನು 64 ಅಂತ ಮಾಡುವ ಮಕ್ಕಳು ಜಾಸ್ತಿ. ಕಳೆಯುವುದು ಗಟ್ಟಿಯಾಗುವವರೆಗೆ ಬೇಡ ಅನ್ನುತ್ತೇನೆ.

ಈಗ ನಿಮ್ಮ ಮಾವನವರ ಮಾತು. ಅವರು ಹೇಳುವುದರಲ್ಲಿ ನಿಜ ಇದೆ. ಮಗ್ಗಿ ಬಾಯಿಗೆ ಬರಲೇಬೇಕು. ನಾಲ್ಕನೇ, ಐದನೇ ಕ್ಲಾಸಿನಲ್ಲಿ ದೊಡ್ಡ ಭಾಗಾಕಾರ ಮಾಡುವಾಗ ಪ್ರತಿ ಸಲ ಬೀಜ ಜೋಡಿಸುತ್ತಾ, ದುಪ್ಪಟ್ಟು ಮಾಡುತ್ತಾ ಕೂತರೆ ಮುಖ್ಯ ಲೆಕ್ಕವೇ ಕೈತಪ್ಪುತ್ತದೆ. ಪ್ಯಾಟರ್ನ್ ಗೊತ್ತಿದ್ದರೆ ಮಗ್ಗಿ ಬೇಡ ಅನ್ನುವವರ ಮಾತನ್ನು ನಾನು ಒಪ್ಪುವುದಿಲ್ಲ. ಆದರೆ ಬರೀ ಬಾಯಿಪಾಠದ ತೊಂದರೆ ಏನು ಅಂದರೆ, ಎಷ್ಟೋ ಮಕ್ಕಳಿಗೆ "ಆರೊಂದ್ಲ ಆರು" ಅಂತ ಮೇಲಿಂದ ಹಿಡಿದರೆ ಮಾತ್ರ ಬರುತ್ತದೆ. ನಡುವೆ "ಆರೇಳ್ಲ?" ಅಂತ ಕೇಳಿದರೆ ಮತ್ತೆ ಮೊದಲಿಂದ ಓಡಿಕೊಂಡು ಬರುತ್ತಾರೆ. ಒಂದು ಸಾಲು ಮರೆತರೆ ಅದನ್ನು ಮತ್ತೆ ಕಟ್ಟಿಕೊಳ್ಳುವ ದಾರಿಯೂ ಗೊತ್ತಿರುವುದಿಲ್ಲ. ಬೀಜದಿಂದ ಶುರು ಮಾಡಿ, ಪ್ಯಾಟರ್ನ್ ನೋಡಿ, ಆಮೇಲೆ ಬಾಯಿಪಾಠಕ್ಕೆ ಹೋದ ಮಗುವಿಗೆ ಆ ದಾರಿ ಇರುತ್ತದೆ. ಇದರ ಕಷ್ಟ ಏನು ಅನ್ನುವುದನ್ನೂ ಹೇಳಿಬಿಡುತ್ತೇನೆ: ನಿಧಾನ. ಪಕ್ಕದ ಮನೆ ಹುಡುಗ 12ರವರೆಗೂ ಒಪ್ಪಿಸುತ್ತಿರುವಾಗ ನಿಮ್ಮವನು ಇನ್ನೂ 6ರಲ್ಲೇ ಬೀಜ ಇಟ್ಟುಕೊಂಡು ಕೂತಿರುತ್ತಾನೆ. ಒಂದೆರಡು ಟೆಸ್ಟ್‌ನಲ್ಲಿ ಮಾರ್ಕ್ಸ್ ಕಮ್ಮಿ ಬರಬಹುದು. ಅದನ್ನು ತಡೆದುಕೊಳ್ಳುವ ಮನಸ್ಸು ನಿಮಗೆ ಬೇಕು, ಟೀಚರ್‌ಗೂ ಒಂದು ಮಾತು ಹೇಳಿಡಿ.

ಬಾಯಿಪಾಠದ ಕೆಲಸ ಮಾವನವರಿಗೇ ವಹಿಸಿ. ಸಂಜೆ ಕೂರಿಸಿಕೊಂಡು ಹೇಳಿಸಲಿ, ಅಜ್ಜನ ಜೊತೆ ರಾಗವಾಗಿ ಹೇಳಿದ ಮಗ್ಗಿ ಎಷ್ಟು ವರ್ಷವಾದರೂ ಮರೆಯುವುದಿಲ್ಲ. ಒಂದೇ ಒಂದು ಬದಲಾವಣೆ ಕೇಳಿಕೊಳ್ಳಿ: ಹೇಳಿ ಮುಗಿದ ಮೇಲೆ ನಾಲ್ಕು ಪ್ರಶ್ನೆ ಅಡ್ಡಾದಿಡ್ಡಿಯಾಗಿ ಕೇಳಲಿ, ಉತ್ತರ ಬರದಿದ್ದರೆ ತಾವೇ ಹೇಳಿಬಿಡದೆ "ಹೇಗೆ ಕಂಡುಹಿಡೀತೀಯ?" ಅನ್ನಲಿ. ಶಾಲೆಯಲ್ಲಿ ಮಗ್ಗಿಯನ್ನು ಇಂಗ್ಲಿಷ್‌ನಲ್ಲಿ ಹೇಳಿಸುತ್ತಿದ್ದರೆ, ಕನ್ನಡದ ಮಗ್ಗಿಯನ್ನು ಅದೇ ವಾರ ಶುರು ಮಾಡಬೇಡಿ. ಒಂದು ಕೂತ ಮೇಲೆ ಇನ್ನೊಂದು. ಬೀಜದ ಆಟಕ್ಕೆ ಮಾತ್ರ ಮನೆಯ ಮಾತೇ ಇರಲಿ.

ಸಮಯ ಸಿಕ್ಕಾಗ ಇನ್ನೊಂದು ಮಾಡಿಸಿ. 1ರಿಂದ 10ರವರೆಗಿನ ಎಲ್ಲ ಮಗ್ಗಿಗಳನ್ನು ನೂರು ಚೌಕದ ಒಂದೇ ಹಾಳೆಯಲ್ಲಿ ಬರೆಸಿ. ಬೆಸ ಉತ್ತರಗಳಿಗೆ ಬಣ್ಣ ಹಾಕುವ ಮೊದಲು, ಎಷ್ಟು ಚೌಕಕ್ಕೆ ಬಣ್ಣ ಬೀಳಬಹುದು ಅಂತ ಊಹೆ ಮಾಡಿಸಿ. ಸಾಮಾನ್ಯವಾಗಿ ಎಲ್ಲರೂ 50 ಅಂತಾರೆ, ನಾನು ಕೇಳಿದ ಎಷ್ಟೋ ಶಿಕ್ಷಕರೂ ಅಂದಿದ್ದಾರೆ. ಬೀಳುವುದು 25ಕ್ಕೆ ಮಾತ್ರ. ಉಳಿದ 75 ಸಮ. ಯಾಕೆ ಇಷ್ಟು ಕಮ್ಮಿ ಅಂತ ಅವನಿಗೆ ಈಗ ಉತ್ತರ ಗೊತ್ತು: ಎರಡೂ ಬೆಸ ಇದ್ದರೆ ಮಾತ್ರ ಬೆಸ.

ಒಂದು ವಿಷಯ ಮಾತ್ರ ಗಮನದಲ್ಲಿರಲಿ. ಇಷ್ಟೆಲ್ಲ ಮಾಡಿ ಒಂದೆರಡು ತಿಂಗಳಾದರೂ ಬೀಜಗಳನ್ನು ಎರಡೆರಡಾಗಿ ಎಣಿಸಲು ಅವನಿಗೆ ಕಷ್ಟವಾಗುತ್ತಿದ್ದರೆ, ಅಥವಾ ಆರು ಬೀಜದ ಗುಂಪಿಗೂ ಎಂಟು ಬೀಜದ ಗುಂಪಿಗೂ ಯಾವುದು ಜಾಸ್ತಿ ಅಂತ ಪ್ರತಿ ಸಲ ಒಂದೊಂದಾಗಿ ಎಣಿಸಿಯೇ ಹೇಳುತ್ತಿದ್ದರೆ ಟೀಚರ್ ಜೊತೆ ಕೂತು ಮಾತಾಡಿ, ಕಣ್ಣನ್ನೂ ಒಮ್ಮೆ ತೋರಿಸಿ. ನಿಮ್ಮ ಪತ್ರ ನೋಡಿದರೆ ಅಂಥದ್ದೇನೂ ಕಾಣುವುದಿಲ್ಲ. 2 ಮತ್ತು 5ರ ಮಗ್ಗಿ ಸಲೀಸಾಗಿ ಹೇಳುವ, ಹೇಳಿದ ನಿಯಮವನ್ನು ಹೊಸ ಲೆಕ್ಕಕ್ಕೆ ತಾನೇ ಹಾಕಿ ನೋಡುವ ಹುಡುಗ ಅವನು.

ಈ ವಾರ ಬೀಜ ಮತ್ತು ನಾಣ್ಯ ಸಾಕು, 6ರ ಮಗ್ಗಿ ಮಾತ್ರ. ಮುಂದಿನ ವಾರ ದುಪ್ಪಟ್ಟಿನ ಆಟ, ಅದು ಕೂತ ಮೇಲೆ 8. ಹನ್ನೆರಡರ ಮಗ್ಗಿಗೆ ಯಾರು ಎಷ್ಟೇ ಅವಸರ ಮಾಡಿದರೂ ಹೋಗಬೇಡಿ. ಎಂಟೇಳ್ಲ ಎಷ್ಟು ಅಂತ ಅಚಾನಕ್ ಕೇಳಿದಾಗ "14, 28, 56" ಅಂತ ಅವನೇ ಗೊಣಗಿಕೊಂಡು ಹೇಳುವವರೆಗೆ ಕಾಯಿರಿ.